ಕಾಲದ ಸಮಾಧಿಗಳ ಕಣಿವೆ

ಕಾಲವನ್ನು ನದಿಗೆ ಹೋಲಿಸುವುದು ಕವಿಗಳಿಗೆ ಬಹು ಹಿಂದಿನಿಂದ ಬಂದ ರೂಢಿ. ನದಿಯಾದರೆ ಅದಕ್ಕೆ ಒಂದೇ ದಿಕ್ಕು. ಹರಿದ ನೀರು ಹಿಂದಿರುಗದು. ಆದರೆ ಕಾಲವನ್ನು ಕಡಲೆಂದು ಭಾವಿಸಿದರೆ ಏನಾದೀತು? ಕಡಲಿಗೆ ಭರತವುಂಟು, ಇಳಿತವುಂಟು. ದಡದಲ್ಲಿ ನಿಂತವನ ಅಡಿಯ ಮರಳನ್ನು ಅದು ಮುಂದಕ್ಕೂ ಹಿಂದಕ್ಕೂ ಸೆಳೆಯಬಲ್ಲದು. ಈ ಭಾವನೆಯನ್ನೇ ಒಂದು ಕಣಿವೆಯಾಗಿ ಕಟ್ಟಿ ತೋರಿಸಿದ ಕಾದಂಬರಿಯೊಂದನ್ನು ಕುರಿತು ಇಲ್ಲಿ ನಾಲ್ಕು ಮಾತು ಹೇಳಬಯಸುತ್ತೇನೆ. ಅದು ಅಮೆರಿಕದ ಡ್ಯಾನ್ ಸಿಮನ್ಸ್ ಬರೆದ ‘ಹೈಪೀರಿಯನ್’. ೧೯೮೯ರಲ್ಲಿ ಪ್ರಕಟವಾದ ಈ ಕೃತಿಗೆ ಮರುವರ್ಷ ವೈಜ್ಞಾನಿಕ ಕಾದಂಬರಿಗಳಿಗೆ ಸಲ್ಲುವ ಹ್ಯೂಗೊ ಪ್ರಶಸ್ತಿ ದೊರೆಯಿತು.

ಹೈಪೀರಿಯನ್ ಎಂಬ ಹೆಸರು ಸಾಹಿತ್ಯದ ವಿದ್ಯಾರ್ಥಿಗಳಿಗೆ ಹೊಸದಲ್ಲ. ಹಳೆಯ ದೇವತೆಗಳು ಹೊಸ ದೇವತೆಗಳಿಗೆ ಎಡೆಬಿಟ್ಟುಕೊಡಬೇಕಾದ ದುಃಖವನ್ನು ಕೀಟ್ಸ್ ಕವಿ ಆ ಹೆಸರಿನಲ್ಲಿ ಹಾಡತೊಡಗಿ, ಮುಗಿಸದೆ ಬಿಟ್ಟ. ೧೮೨೦ರಲ್ಲಿ ಅದು ಅಪೂರ್ಣವಾಗಿಯೇ ಅಚ್ಚಾಯಿತು. ಮರುವರ್ಷ ಕವಿ ತನ್ನ ೨೫ನೆಯ ವಯಸ್ಸಿನಲ್ಲಿ ರೋಮಿನಲ್ಲಿ ತೀರಿಕೊಂಡ. ಸಿಮನ್ಸನ ಕಥೆಯಲ್ಲಿ ಹೈಪೀರಿಯನ್ ದೂರದ ಒಂದು ಗ್ರಹ. ಅದರ ರಾಜಧಾನಿಯ ಹೆಸರೇ ಕೀಟ್ಸ್. ಏಳು ಮಂದಿ ಯಾತ್ರಿಕರು ಅಲ್ಲಿನ ಭಯಂಕರ ಕ್ಷೇತ್ರವೊಂದಕ್ಕೆ ಹೊರಟಿದ್ದಾರೆ. ದಾರಿಯಲ್ಲಿ ತಮ್ಮ ತಮ್ಮ ಕಥೆಯನ್ನು ಹೇಳಿಕೊಳ್ಳುವ ಅವರ ಕ್ರಮ ಚಾಸರನ ಕ್ಯಾಂಟರ್‌ಬರಿ ಯಾತ್ರಿಕರಿಂದ ಬಂದದ್ದು.

ಆ ಕ್ಷೇತ್ರವೇ ಕಾಲಸಮಾಧಿಗಳ ಕಣಿವೆ. ಸ್ಫಿಂಕ್ಸ್, ಪಚ್ಚೆಗಲ್ಲಿನ ಸಮಾಧಿ, ಸ್ತಂಭ, ಸ್ಫಟಿಕದ ಏಕಶಿಲೆ, ಗುಹೆಗಳು—ಹೀಗೆ ಅಲ್ಲಿನ ಕಟ್ಟಡಗಳಿಗೆ ಒಂದೊಂದು ಹೆಸರು. ಅವು ಯಾವ ಗತಕಾಲದವರ ನಿರ್ಮಾಣವೂ ಅಲ್ಲ. ಭವಿಷ್ಯದಿಂದ ಭೂತದ ಕಡೆಗೆ ಪಯಣಿಸುತ್ತಿರುವಂಥವು. ಅವುಗಳ ಸುತ್ತ ಕಾಲದ ಅಲೆಗಳು ಏರಿಳಿಯುತ್ತವೆ. ಆ ಅಲೆಗೆ ಸಿಕ್ಕಿದವನಿಗೆ ತಲೆ ತಿರುಗುತ್ತದೆ. ಈಗ ನಡೆಯುತ್ತಿರುವುದು ಹಿಂದೆಯೇ ನಡೆದುಹೋಗಿತ್ತೆಂಬ ಭ್ರಮೆ ಕವಿಯುತ್ತದೆ. ಅಲ್ಲಿ ಸುಳಿದಾಡುವ ಉಕ್ಕಿನ ಮುಳ್ಳುಮೈಯ ರಾಕ್ಷಸಾಕೃತಿಗೆ ಶ್ರೈಕ್ ಎಂದು ಹೆಸರು; ಹಿಡಿದ ಬೇಟೆಯನ್ನು ಮುಳ್ಳಿಗೆ ಚುಚ್ಚಿಡುವ ಕಳಿಂಗ ಹಕ್ಕಿಗೆ ಇಂಗ್ಲಿಷಿನಲ್ಲಿರುವ ಹೆಸರು ಅದು.

ಆದರೆ ನನ್ನನ್ನು ಕಾಡಿದ್ದು ಆ ರಾಕ್ಷಸನಲ್ಲ. ಯಾತ್ರಿಕರಲ್ಲಿ ಸೋಲ್ ವೈನ್‌ಟ್ರಾಬ್ ಎಂಬ ವೃದ್ಧ ಅಧ್ಯಾಪಕನೊಬ್ಬನಿದ್ದಾನೆ. ಅವನ ತೋಳಿನಲ್ಲಿ ಒಂದು ಹಸುಗೂಸು. ಅದು ಅವನ ಮೊಮ್ಮಗುವಲ್ಲ, ಮಗಳು ರೇಚಲ್. ಪುರಾತತ್ತ್ವದ ವಿದ್ಯಾರ್ಥಿನಿಯಾಗಿದ್ದ ಅವಳು ತನ್ನ ೨೬ನೆಯ ವಯಸ್ಸಿನಲ್ಲಿ ಸ್ಫಿಂಕ್ಸಿನೊಳಗೆ ಕಾಲದ ಅಲೆಗೆ ಸಿಕ್ಕಿಬಿದ್ದಳು. ಅಂದಿನಿಂದ ಅವಳ ಆಯುಸ್ಸು ಹಿಂದಕ್ಕೆ ಸಾಗತೊಡಗಿತು. ಪ್ರತಿರಾತ್ರಿ ನಿದ್ರಿಸಿ ಏಳುವಾಗ ಒಂದು ದಿನ ಚಿಕ್ಕವಳು. ಆ ಒಂದು ದಿನದ ನೆನಪೂ ಇಲ್ಲ. ಮೊದಮೊದಲು ತಂದೆತಾಯಿಗಳು ಅವಳಿಗೆ ಬೆಳಗಾದರೆ ಎಲ್ಲವನ್ನೂ ವಿವರಿಸುತ್ತಿದ್ದರು. ಬೆಳಗಾದರೆ ಅದೇ ಆಘಾತ, ಅದೇ ಅಳು. ಕೊನೆಗೆ ಇನ್ನು ತನಗೆ ಹೇಳಬೇಡಿರೆಂದು ಅವಳೇ ಬೇಡಿಕೊಳ್ಳುತ್ತಾಳೆ. ತಾಯಿ ಅಪಘಾತದಲ್ಲಿ ಸಾಯುತ್ತಾಳೆ. ಮಗಳು ತರುಣಿಯಿಂದ ಬಾಲೆಯಾಗಿ, ಬಾಲೆಯಿಂದ ಶಿಶುವಾಗಿ ಇಳಿಯುತ್ತಾಳೆ. ಕಥೆ ತೊಡಗುವ ಹೊತ್ತಿಗೆ ಅವಳು ಹುಟ್ಟಿದ ಗಳಿಗೆಯನ್ನು ಮುಟ್ಟಲು ಕೆಲವೇ ದಿನಗಳು ಉಳಿದಿವೆ.

ಇದನ್ನೋದುವಾಗ ಭಾಗವತದ ಕಕುದ್ಮಿ ರಾಜನ ನೆನಪಾಗದಿರದು. ಮಗಳು ರೇವತಿಗೆ ವರನಾರೆಂದು ಕೇಳಲು ಅವಳನ್ನು ಕರೆದುಕೊಂಡು ಅವನು ಬ್ರಹ್ಮಲೋಕಕ್ಕೆ ಹೋದ. ಅಲ್ಲಿ ಗಾನ ನಡೆದಿತ್ತು. ಕ್ಷಣಕಾಲ ಕಾದು ನಿಂತ. ಅಷ್ಟರಲ್ಲಿ ಭೂಮಿಯ ಮೇಲೆ ೨೭ ಚತುರ್ಯುಗಗಳು ಕಳೆದಿದ್ದವು. ಅವನು ಮನಸ್ಸಿನಲ್ಲಿ ಎಣಿಸಿಕೊಂಡಿದ್ದ ವರರ ವಂಶದ ಹೆಸರು ಸಹ ಉಳಿದಿರಲಿಲ್ಲ. ಎರಡರಲ್ಲಿಯೂ ತಂದೆ, ಮಗಳು, ಕಾಲ. ಆದರೆ ಭೇದವನ್ನು ಗಮನಿಸಬೇಕು. ಕಕುದ್ಮಿ ಲೋಕವನ್ನೆಲ್ಲ ಕಳೆದುಕೊಂಡರೂ ಮಗಳು ಪಕ್ಕದಲ್ಲಿದ್ದಳು. ಅವಳಿಗೆ ಬಲರಾಮನು ವರನಾಗಿ ದೊರೆತ. ಸೋಲ್‌ಗೆ ಲೋಕವೆಲ್ಲ ಇದ್ದಂತೆಯೇ ಇದೆ, ಕರಗುತ್ತಿರುವುದು ಮಗಳೊಬ್ಬಳೇ.

ಕಕುದ್ಮಿಯ ಅನುಭವಕ್ಕೆ ಇಂದಿನ ವಿಜ್ಞಾನದ ಒಂದಿಷ್ಟು ಬೆಂಬಲವುಂಟು. ವೇಗವೂ ಗುರುತ್ವವೂ ಕಾಲದ ನಡಿಗೆಯನ್ನು ಮಾರ್ಪಡಿಸುತ್ತವೆಂದು ಐನ್‌ಸ್ಟೈನ್ ೧೯೦೫ರಲ್ಲಿಯೂ ೧೯೧೫ರಲ್ಲಿಯೂ ಮಂಡಿಸಿದ ಸಿದ್ಧಾಂತಗಳು ತೋರಿಸಿದವು. ದಾರಿ ತೋರುವ ಜಿ.ಪಿ.ಎಸ್. ಉಪಗ್ರಹಗಳ ಗಡಿಯಾರಗಳು ನೆಲದ ಗಡಿಯಾರಗಳಿಗಿಂತ ದಿನಕ್ಕೆ ಸುಮಾರು ೩೮ ಮೈಕ್ರೊಸೆಕೆಂಡು ಮುಂದೆ ಓಡುತ್ತವೆ. ಅದನ್ನು ಸರಿಪಡಿಸದಿದ್ದರೆ ದಾರಿಯೇ ತಪ್ಪೀತು. ಸಿಮನ್ಸನ ಕಾದಂಬರಿಯಲ್ಲಿ ನಕ್ಷತ್ರಯಾನಿಗಳು ತಮ್ಮವರಿಗಿಂತ ನಿಧಾನವಾಗಿ ಮುಪ್ಪಾಗುವುದಕ್ಕೆ ‘ಕಾಲದ ಸಾಲ’ ಎಂದೇ ಹೆಸರು. ಋಣವೆಂಬ ಮಾತಿನ ಭಾರ ಬಲ್ಲ ನಮಗೆ ಆ ಹೆಸರನ್ನು ಬೇರೆ ವಿವರಿಸಬೇಕಾಗಿಲ್ಲ. ಆದರೆ ರೇಚಲಳ ರೋಗಕ್ಕೆ ಯಾವ ಸಮೀಕರಣದ ಆಧಾರವೂ ಇಲ್ಲ, ಅದು ಕವಿಕಲ್ಪನೆ.

ಕಲ್ಪನೆಯಾದರೂ ಸುಳ್ಳೆ? ಮುಪ್ಪಿನಲ್ಲಿ ನೆನಪು ಅಳಿಯುತ್ತಿರುವ ತಾಯಿಯನ್ನೋ ತಂದೆಯನ್ನೋ ನೋಡಿಕೊಳ್ಳುವ ಮನೆಗಳು ಇಂದು ವಿರಳವಲ್ಲ. ಅಲ್ಲಿ ಸತ್ತ ಪತಿ ಎಲ್ಲಿ ಎಂದು ಮುದುಕಿ ದಿನವೂ ಕೇಳುತ್ತಾಳೆ. ನಿಜ ಹೇಳಿದರೆ ಅವಳಿಗೆ ಅದು ದಿನವೂ ಹೊಸ ಸಾವು. ಹೇಳುವುದು ಧರ್ಮವೋ, ಹೇಳದಿರುವುದು ದಯೆಯೋ? ಸೋಲ್‌ನ ಮನೆಯ ಪ್ರಶ್ನೆ ನೆರೆಮನೆಯ ಪ್ರಶ್ನೆಯೂ ಹೌದು.

ಅವನಿಗೆ ಇನ್ನೊಂದು ಸಂಕಟವಿದೆ. ಮಗಳನ್ನು ಹೈಪೀರಿಯನ್ನಿಗೆ ಒಯ್ದು ಬಲಿಕೊಡೆಂದು ಕನಸಿನಲ್ಲಿ ಒಂದು ಧ್ವನಿ ಮತ್ತೆ ಮತ್ತೆ ಆಜ್ಞಾಪಿಸುತ್ತದೆ. ಬೈಬಲ್ಲಿನ ಅಬ್ರಹಾಮನಿಗೆ ಬಂದ ಆಜ್ಞೆಯೇ ಅದು. ಸೋಲ್ ಅಬ್ರಹಾಮನಂತೆ ತಲೆಬಾಗುವುದಿಲ್ಲ. ಕೂಸನ್ನು ಬೇಡುವ ದೇವರೊಡನೆ ವರ್ಷಗಟ್ಟಲೆ ವಾದಿಸುತ್ತಾನೆ. ಆದರೂ ಮದ್ದೊಂದು ಇದ್ದರೆ ಅದು ಆ ಕಣಿವೆಯಲ್ಲಿಯೇ ಎಂದರಿತು ಅಲ್ಲಿಗೇ ನಡೆಯುತ್ತಾನೆ. ಮೊದಲ ಸಂಪುಟ ಯಾತ್ರಿಕರು ಕಣಿವೆಗೆ ಇಳಿಯುವಲ್ಲಿ ನಿಂತುಬಿಡುತ್ತದೆ. ಮುಂದಿನದನ್ನು ೧೯೯೦ರ ಎರಡನೆಯ ಸಂಪುಟದಲ್ಲಿ ಓದಬೇಕು.

ವೈಜ್ಞಾನಿಕ ಕಥೆಯೆಂದರೆ ಯಂತ್ರಗಳ ಆಟವೆಂದು ಎಣಿಸುವ ವಿದ್ಯಾರ್ಥಿಗಳು ಈ ಒಂದು ಕಥೆಯನ್ನಾದರೂ ಓದಲಿ. ಕಾಲದ ಅಲೆ ಮಗಳಿಂದ ತಂದೆಯ ಮುಪ್ಪಿನ ನೆನಪನ್ನೂ, ಅವಳ ವಿದ್ಯೆಯನ್ನೂ, ಕೊನೆಗೆ ಮಾತನ್ನೂ ಕಸಿದುಕೊಳ್ಳುತ್ತದೆ. ಕೂಸಿಗೆ ಹಸಿವಾದಾಗ ಮುದುಕ ಹಾಲು ಕಾಯಿಸುತ್ತಾನೆ. ಅಷ್ಟನ್ನು ಯಾವ ಅಲೆಯೂ ಕಸಿಯಲಾರದು.