ಬಳ್ಳಾರಿ ರಾಘವರ ನಟಜೀವನ

ನಮ್ಮ ಶಾಲೆಯ ಒಂಬತ್ತನೆಯ ತರಗತಿಯ ಬಾಲಕನೊಬ್ಬನು ಈಚೆಗೆ ನನ್ನನ್ನು ಕೇಳಿದನು: “ಸಾರ್, ಬಳ್ಳಾರಿ ರಾಘವ ಅಂದರೆ ಯಾರು? ತೆಲುಗಿನವರಾ, ನಮ್ಮವರಾ?” ಪ್ರಶ್ನೆ ಚಿಕ್ಕದು, ಆದರೆ ಆದವಾನಿಯಂಥ ಗಡಿಯೂರಿನ ಅಧ್ಯಾಪಕನಿಗೆ ಉತ್ತರ ಸುಲಭವಲ್ಲ. ಎರಡು ಮಾತು ಹೇಳಿ ಪಾಠಕ್ಕೆ ಮರಳಿದೆನಾದರೂ ಮನಸ್ಸಿಗೆ ಸಮಾಧಾನವಾಗಲಿಲ್ಲ. ಅಂದು ಹೇಳಲಾಗದೆ ಉಳಿದುದನ್ನು ವಾಚಕರ ಮುಂದಿಡುತ್ತಿದ್ದೇನೆ.

ರಾಘವಾಚಾರ್ಯರು 1880ರಲ್ಲಿ ತಾಡಪತ್ರಿಯಲ್ಲಿ ಜನಿಸಿದರು. ಆಗ ಅನಂತಪುರ ಜಿಲ್ಲೆ ಇನ್ನೂ ಹುಟ್ಟಿರಲಿಲ್ಲ. ಅದು ಬಳ್ಳಾರಿ ಜಿಲ್ಲೆಯಿಂದ ಬೇರ್ಪಟ್ಟುದು 1882ರಲ್ಲಿ. ಬಳ್ಳಾರಿಯಲ್ಲಿ ಓದಿ, ಮದರಾಸಿನಲ್ಲಿ ಕ್ರಿಶ್ಚಿಯನ್ ಕಾಲೇಜಿನ ವ್ಯಾಸಂಗವನ್ನೂ ಕಾನೂನು ಪದವಿಯನ್ನೂ ಮುಗಿಸಿ, ಬಳ್ಳಾರಿಗೇ ಮರಳಿ ವಕೀಲರಾದರು. ಕ್ರಿಮಿನಲ್ ಮೊಕದ್ದಮೆಗಳಲ್ಲಿ ಅವರು ಹೆಸರುವಾಸಿಯಾದರು. ವಕೀಲಿಯು ಅವರ ಜೀವನೋಪಾಯ, ನಾಟಕವು ಅವರ ಜೀವನ. ಈ ಭೇದವನ್ನು ನೆನಪಿನಲ್ಲಿಟ್ಟರೆ ಅವರ ಮುಂದಿನ ನಡೆಯೆಲ್ಲ ಅರ್ಥವಾಗುತ್ತದೆ. ಹೊಟ್ಟೆಗಾಗಿ ಬಣ್ಣ ಹಚ್ಚಬೇಕಾದ ಅವಶ್ಯಕತೆ ಅವರಿಗಿರಲಿಲ್ಲವಾದ್ದರಿಂದ, ಒಲ್ಲದ ಪಾತ್ರವನ್ನು ‘ಒಲ್ಲೆ’ ಎನ್ನುವ ಸ್ವಾತಂತ್ರ್ಯ ಅವರಿಗಿತ್ತು.

ಆ ಕಾಲದ ಬಳ್ಳಾರಿಯು ನಾಟಕದ ತವರು. ರಾಘವರ ಸೋದರಮಾವನಾದ ಧರ್ಮವರಂ ರಾಮಕೃಷ್ಣಮಾಚಾರ್ಯರು ‘ಸರಸ ವಿನೋದಿನಿ ಸಭೆ’ಯನ್ನು ಕಟ್ಟಿ ನಾಟಕಗಳನ್ನು ಬರೆದು ಆಡಿಸುತ್ತಿದ್ದರು. ಕೋಲಾಚಲಂ ಶ್ರೀನಿವಾಸರಾಯರ ‘ಸುಮನೋರಮಾ ಸಭೆ’ ಅದರ ಪ್ರತಿಸ್ಪರ್ಧಿ. ವಿಜಯನಗರದ ಪತನವನ್ನು ಕುರಿತು ಕೋಲಾಚಲಂ ಅವರು ಬರೆದ ನಾಟಕದಲ್ಲಿ ಪಠಾಣ ರುಸ್ತುಮನ ಪಾತ್ರವು ರಾಘವರಿಗೆ ದೊಡ್ಡ ಕೀರ್ತಿಯನ್ನು ತಂದಿತು. ಮೊದಲು ವಿಜಯನಗರದ ಕೋಟೆಯಾಗಿದ್ದು ಬಳಿಕ ಬಿಜಾಪುರದ ಕೈಸೇರಿದ ಆದವಾನಿಯ ಜನಕ್ಕೆ ಆ ಕಥೆಯ ನೋವನ್ನು ಬಿಡಿಸಿ ಹೇಳಬೇಕಾಗಿಲ್ಲ.

ರಾಘವರ ಬಹುಮುಖತೆಗೆ ಎರಡು ಮುಖ್ಯ ಲಕ್ಷಣಗಳುಂಟು. ಮೊದಲನೆಯದು ಭಾಷೆ. ತೆಲುಗು, ಕನ್ನಡ, ಹಿಂದಿ, ಇಂಗ್ಲಿಷ್ ಈ ನಾಲ್ಕರಲ್ಲಿಯೂ ಅವರು ಅಭಿನಯಿಸಿದರು. ಷೇಕ್ಸ್‌ಪಿಯರನ ಷೈಲಾಕ್, ಒಥೆಲೊ ಪಾತ್ರಗಳನ್ನು ಧರಿಸಿದ ನಟನೇ ದುರ್ಯೋಧನನೂ ಆಗುತ್ತಿದ್ದನು, ಕಬೀರನೂ ಆಗುತ್ತಿದ್ದನು. ಎರಡನೆಯದು ಅಭಿನಯದ ರೀತಿ. ಅಂದಿನ ರಂಗದಲ್ಲಿ ಪದ್ಯವೇ ಪ್ರಧಾನ. ಸಾಯುವ ಪಾತ್ರವೂ ರಾಗವನ್ನು ಎಳೆದೆಳೆದು ಹಾಡಬೇಕು. ಸಭಿಕರು ‘ಒನ್ಸ್ ಮೋರ್’ ಎಂದರೆ ಸತ್ತವನು ಎದ್ದು ಮತ್ತೆ ಹಾಡಬೇಕು! ರಾಘವರು ಇದಕ್ಕೆ ಒಗ್ಗಲಿಲ್ಲ. ಮಾತಿನ ಏರಿಳಿತ, ಮುಖಭಾವ, ಮೌನ ಇವುಗಳಿಂದಲೇ ರಸವುಂಟಾಗಬೇಕೆಂಬುದು ಅವರ ಮತ. ಸ್ತ್ರೀಪಾತ್ರಗಳನ್ನು ಸ್ತ್ರೀಯರೇ ಅಭಿನಯಿಸಬೇಕೆಂದು ಅವರು ಸಾರಿದರು. ಬರಿದೆ ಸಾರದೆ, ವಿದ್ಯಾವಂತ ಮಹಿಳೆಯರನ್ನು ರಂಗಕ್ಕೆ ತಂದು ತರಬೇತಿಯನ್ನೂ ಕೊಟ್ಟರು. 1920ರ ದಶಕದ ಕೊನೆಯಲ್ಲಿ ಇಂಗ್ಲೆಂಡಿಗೆ ಹೋಗಿ, ಬರ್ನಾರ್ಡ್ ಷಾ ಅವರನ್ನು ಕಂಡು ಬಂದರು.

ಇಂಥ ನಟನನ್ನು ಚಲನಚಿತ್ರವು ಕರೆದುದರಲ್ಲಿ ಆಶ್ಚರ್ಯವಿಲ್ಲ. ಮೊದಲ ಚಿತ್ರ 1936ರ ‘ದ್ರೌಪದಿ ಮಾನಸಂರಕ್ಷಣಂ’, ಪಾತ್ರ ದುರ್ಯೋಧನ. ಅದೇ ವರ್ಷ ಅದೇ ಕಥೆಯ ‘ದ್ರೌಪದಿ ವಸ್ತ್ರಾಪಹರಣಂ’ ಎಂಬ ಇನ್ನೊಂದು ಚಿತ್ರವೂ ಬಂದಿತು. ಜನ ಅದನ್ನು ಮೆಚ್ಚಿದರು, ರಾಘವರ ಚಿತ್ರ ಸೋತಿತು. ಎರಡನೆಯದು ಗೂಡವಲ್ಲಿ ರಾಮಬ್ರಹ್ಮಂ ಅವರ ‘ರೈತು ಬಿಡ್ಡ’, 1939. ಇಲ್ಲಿ ಕಿರೀಟವಿಲ್ಲ, ಗದೆಯಿಲ್ಲ. ಜಮೀನುದಾರನ ಕಡೆಯವನಿಗೆ ಓಟು ಕೊಡಲೊಲ್ಲದೆ ಕಷ್ಟಕ್ಕೊಳಗಾಗುವ ಸಾಮಾನ್ಯ ರೈತನ ಪಾತ್ರ. ಜಮೀನುದಾರರು ಚಿತ್ರವನ್ನು ವಿರೋಧಿಸಿದರು; ಕೆಲವೆಡೆ ಪ್ರದರ್ಶನವೂ ನಿಷಿದ್ಧವಾಯಿತು. ಮೂರನೆಯದು 1940ರ ‘ಚಂಡಿಕಾ’. ಅಲ್ಲಿಗೆ ಮುಗಿಯಿತು. ಎದುರಿಗೆ ಸಭಿಕರಿಲ್ಲದೆ, ತುಂಡು ತುಂಡಾಗಿ ಆಡುವ ಅಭಿನಯವು ಇಡೀ ರಾತ್ರಿಯ ರಂಗಕ್ಕೆ ಪಳಗಿದ ಕಲಾವಿದನಿಗೆ ತೃಪ್ತಿ ಕೊಡಲಿಲ್ಲವೆಂದು ತೋರುತ್ತದೆ. 1946ರ ಏಪ್ರಿಲಿನಲ್ಲಿ ಅವರು ತೀರಿಕೊಂಡರು.

ಇಂದು ನಟನೊಬ್ಬನು ಬೆಳಗ್ಗೆ ಚಲನಚಿತ್ರದಲ್ಲಿಯೂ ಸಂಜೆ ದೂರದರ್ಶನದ ಧಾರಾವಾಹಿಯಲ್ಲಿಯೂ ದುಡಿಯಬಲ್ಲನು. ಅವನ ಧ್ವನಿ, ಮುಖ ಎರಡೂ ಉಳಿಯುತ್ತವೆ. ರಾಘವರು ತಮ್ಮ ಜೀವಮಾನದ ಶ್ರೇಷ್ಠ ಕಲೆಯನ್ನು ರಂಗಕ್ಕೇ ಅರ್ಪಿಸಿದರು. ಪರದೆ ಬಿದ್ದೊಡನೆ ಅದು ನೋಡಿದವರ ನೆನಪಿಗೆ ಸೇರಿತು. ನೋಡಿದವರೂ ಈಗಿಲ್ಲ. ಆದ್ದರಿಂದಲೇ ಅವರ ಹೆಸರನ್ನು ಹೇಳುವ ಕೆಲಸ ಶಾಲೆಯ ಪಾಲಿಗೆ ಬಂದಿದೆ.

ಇನ್ನು ಬಾಲಕನ ಪ್ರಶ್ನೆ. ರಾಘವರು ಬದುಕಿದ್ದ ಕಾಲದಲ್ಲಿ ಆದವಾನಿ, ಆಲೂರು, ರಾಯದುರ್ಗ ತಾಲ್ಲೂಕುಗಳು ಬಳ್ಳಾರಿ ಜಿಲ್ಲೆಯವೇ. 1953ರ ಅಕ್ಟೋಬರ್ 1ರಂದು ಆಂಧ್ರ ರಾಜ್ಯವಾದಾಗ ಈ ಮೂರೂ ಅತ್ತ ಹೋದವು. ಬಳ್ಳಾರಿ ಮೈಸೂರಿಗೆ ಸೇರಿತು. ರಾಘವರ ಹೆಸರಿನ ಕಲಾಮಂದಿರವಿರುವುದು ಬಳ್ಳಾರಿಯಲ್ಲಿ. ಅವರನ್ನು ತಮ್ಮವರೆಂದು ಹೆಚ್ಚಾಗಿ ಕೊಂಡಾಡುವವರು ತೆಲುಗರು. ಜಿಲ್ಲೆಗಳನ್ನು ಹಂಚಿಕೊಂಡ ಹಾಗೆ ಮನುಷ್ಯನನ್ನು ಹಂಚಿಕೊಳ್ಳಲು ಬಾರದು. ಮನೆಯಲ್ಲೊಂದು ನುಡಿ, ಬೀದಿಯಲ್ಲೊಂದು ನುಡಿ, ಕಚೇರಿಯಲ್ಲಿ ಇನ್ನೊಂದು ನುಡಿ ಇರುವ ಊರಿನಲ್ಲಿ ಬೆಳೆದುದರಿಂದಲೇ ಅವರಿಗೆ ನಾಲ್ಕು ನುಡಿಗಳ ನಾಲಗೆ ಬಂದಿತು. ನಮ್ಮ ಮಕ್ಕಳು ಇದನ್ನು ಒಂದು ಕೊರತೆಯೆಂದು ತಿಳಿದು ನಾಚಿಕೊಳ್ಳುತ್ತಾರೆ. ಅದು ಕೊರತೆಯಲ್ಲ, ಬಂಡವಾಳ.

ಮರುವಾರ ಆ ಬಾಲಕನನ್ನು ಕರೆದು ಹೇಳಿದೆನು: “ಅವರು ತೆಲುಗಿನವರೂ ಹೌದು, ನಮ್ಮವರೂ ಹೌದು. ನೀನೂ ಹಾಗೆಯೇ ಅಲ್ಲವೇನಪ್ಪಾ?” ಅವನು ನಕ್ಕನು. ಈ ವರ್ಷದ ಶಾಲಾ ನಾಟಕದಲ್ಲಿ ಒಂದು ಪಾತ್ರ ಬೇಕೆಂದು ಹೆಸರು ಕೊಟ್ಟು ಹೋದನು.