ಪ್ರಮಾಣಿಸಿ ನೋಡು

ಕಳೆದ ವಾರ ಬಿ.ಎ. ತರಗತಿಯಲ್ಲಿ ಕುಮಾರವ್ಯಾಸನ ಸಭಾಪರ್ವವನ್ನು ಪಾಠ ಹೇಳುತ್ತಿದ್ದೆ. ದ್ರೌಪದಿಯನ್ನು ತುಂಬಿದ ಸಭೆಗೆ ಎಳೆದು ತಂದ ಪ್ರಸಂಗ. ವಿದುರ ವಿಕರ್ಣರಂಥ ಒಬ್ಬಿಬ್ಬರ ಹೊರತು ಉಳಿದವರೆಲ್ಲ ಸುಮ್ಮನಿದ್ದರೆಂದಾಗ ವಿದ್ಯಾರ್ಥಿಗಳು ಕೆರಳಿದರು. “ದುಶ್ಶಾಸನನಿಗಿಂತ ನೋಡುತ್ತ ಕುಳಿತವರೇ ದೊಡ್ಡ ಅಪರಾಧಿಗಳು, ಸರ್” ಎಂದಳು ಒಬ್ಬ ವಿದ್ಯಾರ್ಥಿನಿ. ಪಾಠ ಸಾರ್ಥಕವಾಯಿತೆಂದು ಹಿಗ್ಗಿದೆ.

ಗಂಟೆಯಾಯಿತು. ಹೊರಗೆ ಬಂದು ನೋಡುತ್ತೇನೆ, ಅದೇ ವಿದ್ಯಾರ್ಥಿಗಳು ಒಂದು ಮೊಬೈಲಿನ ಸುತ್ತ ನೆರೆದು ನಗುತ್ತಿದ್ದಾರೆ. ಯಾವುದೋ ಊರಿನ ಬಸ್ ನಿಲ್ದಾಣದಲ್ಲಿ ಹೆಂಗಸೊಬ್ಬಳು ಚಿಲ್ಲರೆಗಾಗಿ ಜಗಳವಾಡಿ, ಕೊನೆಗೆ ಅತ್ತುಬಿಟ್ಟ ದೃಶ್ಯವಂತೆ. ಆ ವಿದ್ಯಾರ್ಥಿನಿಯೂ ಅಲ್ಲಿದ್ದಳು.

ಗದರಬೇಕೆಂದು ಬಾಯಿ ತೆರೆದವನು ಸುಮ್ಮನಾದೆ. ಆ ಅಧಿಕಾರ ನನಗಿರಲಿಲ್ಲ.

2015ರಲ್ಲಿ ದೆಹಲಿಯ ಮೆಟ್ರೋ ರೈಲಿನಲ್ಲಿ ಸಮವಸ್ತ್ರ ಧರಿಸಿದ ಪೊಲೀಸನೊಬ್ಬ ತೂರಾಡಿ ಬಿದ್ದ ವೀಡಿಯೋ ದೇಶವನ್ನೆಲ್ಲ ಸುತ್ತಿತು. ಕುಡುಕನೆಂದು ಜನ ತೀರ್ಪಿತ್ತರು, ಆತ ಅಮಾನತಾದ. ಆಮೇಲೆ ತಿಳಿದದ್ದು ಬೇರೆ. ಆತ ಕುಡಿದಿರಲಿಲ್ಲ; ಹಿಂದೆ ಪಾರ್ಶ್ವವಾಯುವಿಗೆ ತುತ್ತಾಗಿದ್ದ ರೋಗಿ. ಕೆಲಸವೇನೋ ಮರಳಿ ಸಿಕ್ಕಿತು. ಕಳೆದ ಮಾನಕ್ಕಾಗಿ ಆ ಕುಟುಂಬ ಸುಪ್ರೀಂ ಕೋರ್ಟಿನ ಬಾಗಿಲು ತಟ್ಟಬೇಕಾಯಿತು. ಆ ವೀಡಿಯೋವನ್ನು ನಾನೂ ನೋಡಿ ನಕ್ಕಿದ್ದೆ. ಒಂದು ಚಾಟೂಕ್ತಿಯನ್ನು ಸೇರಿಸಿ ಸಹೋದ್ಯೋಗಿಗಳಿಗೆ ಕಳುಹಿಸಿದ್ದೆ. ನಿಜ ತಿಳಿದ ದಿನ ಅದನ್ನು ಮಾತ್ರ ಯಾರಿಗೂ ಕಳುಹಿಸಲಿಲ್ಲ.

‘ಪ್ರತ್ಯಕ್ಷ ಕಂಡರೂ ಪ್ರಮಾಣಿಸಿ ನೋಡು’ ಎಂಬುದು ನಮ್ಮ ಹಿರಿಯರ ಗಾದೆ. ವೀಡಿಯೋದಲ್ಲಿ ಕಾಣುವುದು ಪ್ರತ್ಯಕ್ಷವೇ ಸರಿ. ಆದರೆ ಅದರ ಹಿಂದಿನ ಗಳಿಗೆಯಲ್ಲಿ ಏನಾಯಿತು, ಮುಂದಿನ ಗಳಿಗೆಯಲ್ಲಿ ಏನಾಯಿತು ಎಂಬುದು ಅದರಲ್ಲಿಲ್ಲ. ಹಳ್ಳಿಯ ಜಗಲಿಕಟ್ಟೆಯಲ್ಲೂ ಪರನಿಂದೆ ಇತ್ತು, ನಿಜ. ಆದರೆ ಅಲ್ಲಿ ನಕ್ಕವರಿಗೆ ನಗೆಗೀಡಾದವನ ಕಷ್ಟಸುಖ ಗೊತ್ತಿತ್ತು. ನಾಳೆ ಅವನ ಮನೆಯ ಮದುವೆಗೋ ಸಾವಿಗೋ ಅವರೇ ಹೋಗಬೇಕಿತ್ತು. ನಾಲ್ಕು ಮಳೆಗಾಲ ಕಳೆದರೆ ಆ ಮಾತೂ ಹಳತಾಗುತ್ತಿತ್ತು. ವೀಡಿಯೋಗೆ ಈ ಮುಪ್ಪಿಲ್ಲ. ಒಂದು ಕಡೆ ಅಳಿಸಿದರೆ ನೂರು ಕಡೆ ಉಳಿದಿರುತ್ತದೆ.

ಹಾಗೆಂದು ಕ್ಯಾಮರಾವನ್ನೇ ದೂರಲಾಗದು. 2020ರಲ್ಲಿ ಅಮೆರಿಕದ ಮಿನಿಯಾಪೊಲಿಸ್ಸಿನಲ್ಲಿ ಜಾರ್ಜ್ ಫ್ಲಾಯ್ಡ್ ಪೊಲೀಸನ ಮೊಣಕಾಲಿನಡಿ ಪ್ರಾಣಬಿಟ್ಟಾಗ, ದಾರಿಹೋಕ ಹುಡುಗಿಯೊಬ್ಬಳು ಅದನ್ನು ಚಿತ್ರಿಸದಿದ್ದರೆ ನ್ಯಾಯ ದೊರೆಯುವುದು ದುಸ್ತರವಾಗುತ್ತಿತ್ತು. ಅಧಿಕಾರದ ಅನ್ಯಾಯಕ್ಕೆ ಸಾಕ್ಷಿಯಾಗುವುದು ಬೇರೆ. ಅಸಹಾಯಕರ ಅಳುವನ್ನು ನೋಟಕ್ಕಿಡುವುದು ಬೇರೆ.

ಕಾನೂನು ಇಲ್ಲವೆ? ಇದೆ. ಕರ್ನಾಟಕ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಕೆ.ಎಸ್. ಪುಟ್ಟಸ್ವಾಮಿಯವರು ಹೂಡಿದ ಮೊಕದ್ದಮೆಯಲ್ಲಿ, 2017ರ ಆಗಸ್ಟ್ 24ರಂದು ಸುಪ್ರೀಂ ಕೋರ್ಟಿನ 9 ಮಂದಿ ನ್ಯಾಯಾಧೀಶರ ಪೀಠ ಖಾಸಗಿತನವು ಮೂಲಭೂತ ಹಕ್ಕೆಂದು ಒಮ್ಮತದಿಂದ ಸಾರಿತು. ಒಪ್ಪಿಗೆಯಿಲ್ಲದೆ ಗುಪ್ತಾಂಗಗಳ ಚಿತ್ರ ತೆಗೆದು ಹಂಚಿದರೆ ಮಾಹಿತಿ ತಂತ್ರಜ್ಞಾನ ಕಾಯಿದೆಯ 66ಇ ಕಲಮಿನಂತೆ 3 ವರ್ಷದವರೆಗೆ ಸೆರೆವಾಸವುಂಟು. ಆದರೆ ಬಸ್ ನಿಲ್ದಾಣದಲ್ಲಿ ಅತ್ತವಳ ನೆರವಿಗೆ ಆ ಕಲಮು ಬಾರದು. ಅಲ್ಲಿ ಉಳಿಯುವುದು ನಮ್ಮ ಸಂಸ್ಕಾರವೊಂದೇ. ತೆರೆದ ಬಾಗಿಲ ಮುಂದೆಯೂ ನಿಂತು, “ಒಳಗೆ ಯಾರಿದ್ದೀರಿ?” ಎಂದು ಕೂಗಿ, ಉತ್ತರ ಬಂದ ಮೇಲೆಯೇ ಹೊಸಿಲು ದಾಟುತ್ತಿದ್ದ ಜನ ನಾವು. ಒಪ್ಪಿಗೆಯೆಂದರೆ ಇದಕ್ಕಿಂತ ಹೆಚ್ಚಿನದೇನಲ್ಲ.

ಮರುದಿನ ಪದ್ಯ ಬಿಟ್ಟು ಆ ಪೊಲೀಸನ ಕಥೆಯನ್ನೇ ತರಗತಿಯಲ್ಲಿ ಹೇಳಿದೆ, ನನ್ನ ನಗೆಯನ್ನೂ ಮರೆಮಾಚದೆ. ಅದೇ ವಿದ್ಯಾರ್ಥಿನಿ ಕೇಳಿದಳು: “ನಿಜ ಗೊತ್ತಾದ ಮೇಲೆ ಅವರಿಗೆಲ್ಲ ತಿಳಿಸಿದಿರಾ, ಸರ್?”

ಅಂದು ಸಂಜೆ ಹಳೆಯ ಸಹೋದ್ಯೋಗಿಗಳಿಗೆ ಬರೆದೆ. ಒಬ್ಬರಿಂದ ಉತ್ತರ ಬಂದಿತು: “ಯಾವ ವೀಡಿಯೋ? ನನಗೆ ನೆನಪೇ ಇಲ್ಲವಲ್ಲ!”

ನಕ್ಕವರಿಗೆ ಮರೆವು ಸುಲಭ. ನಗೆಗೀಡಾದವನಿಗೆ ಆ ಭಾಗ್ಯವೆಲ್ಲಿ?