ಫ್ಲಾಹರ್ಟಿಯ ಕ್ಯಾಮರಾ ಮತ್ತು ಸತ್ಯ
ಮೈಸೂರಿನಲ್ಲಿ ಚಿತ್ರಿತವಾದ 1937ರ ‘ಎಲಿಫೆಂಟ್ ಬಾಯ್’ ಚಿತ್ರದ ನಿರ್ದೇಶಕರಲ್ಲೊಬ್ಬನಾದ ರಾಬರ್ಟ್ ಫ್ಲಾಹರ್ಟಿಯ ಕೀರ್ತಿಗೆ ಮೂಲವು 1922ರ ‘ನಾನೂಕ್ ಆಫ್ ದಿ ನಾರ್ತ್’. ಕೆನಡಾದ ಹಡ್ಸನ್ ಕೊಲ್ಲಿಯ ತೀರದ ಇನುಯಿಟ್ ಜನರ ಬಾಳನ್ನು ಈತನು ತಾನೇ ಕ್ಯಾಮರಾ ಹಿಡಿದು ಚಿತ್ರಿಸಿದನು. ಉತ್ತರದಲ್ಲಿ ಮೊದಲು ತೆಗೆದ ಫಿಲ್ಮು 1916ರಲ್ಲಿ ಸಿಗರೇಟಿನ ಕಿಡಿಗೆ ಆಹುತಿಯಾಗಲು, ಎದೆಗುಂದದೆ ಮರಳಿ ಹೋದನು. ಸೀಲ್ ಬೇಟೆಯ ದೃಶ್ಯದಲ್ಲಿ ಅವನ ಕ್ಯಾಮರಾ ಅವಸರಪಡದು. ಹಗ್ಗದ ತುದಿಯಲ್ಲಿರುವುದೇನೆಂದು ಬೇಟೆಗಾರನೊಡನೆ ನಾವೂ ಕಾಯುತ್ತೇವೆ.

ಆದರೆ ಹಿಮದ ಮನೆಯೊಳಗೆ ಬೆಳಕು ಸಾಲದಿರಲು, ಒಂದು ಪಾರ್ಶ್ವವನ್ನು ತೆರೆಯಿಸಿ ಒಳಗಿನ ಬಾಳನ್ನು ತೋರಿಸಿದನು. ಬಂದೂಕನ್ನು ಬಲ್ಲವರಿಂದ ಹಳೆಯ ಈಟಿಯ ಬೇಟೆಯನ್ನೇ ಆಡಿಸಿದನು. ಇವೆರಡೂ ಒಂದೇ ಬಗೆಯ ಕೃತಕವೆ? ಅಲ್ಲವೆಂದು ನಮ್ಮ ಭಾವನೆ. ಮೊದಲನೆಯದು ಕಣ್ಣಿಗೆ ನೆರವಾಯಿತು. ಎರಡನೆಯದು ಕಳೆದುಹೋಗುತ್ತಿದ್ದ ಕಾಲವನ್ನು ವರ್ತಮಾನವೆಂದು ನಂಬಿಸಿತು. ವಾಸ್ತವಚಿತ್ರವನ್ನು ನೋಡುವಾಗ ಈ ಭೇದವನ್ನು ವಿವೇಚಿಸುವುದು ಪ್ರೇಕ್ಷಕರಾದ ನಮ್ಮ ಕರ್ತವ್ಯವಾಗಿದೆ.